ಹಿಂದಕ್ಕೆ ನಡೆದ ಗಡಿಯಾರಗಳು

"ಮಿಂಚಿ ಹೋದ ಕಾರ್ಯಕ್ಕೆ ಚಿಂತಿಸಿ ಫಲವಿಲ್ಲ" ಎಂದು ನಮ್ಮ ಹಿರಿಯರು ಗಾದೆ ಕಟ್ಟಿದರು. ಗಾದೆ ಕಟ್ಟಬೇಕಾಯಿತೆಂಬುದರಿಂದಲೇ ಜನ ಚಿಂತಿಸುವುದನ್ನು ಬಿಟ್ಟಿರಲಿಲ್ಲವೆಂದು ತಿಳಿಯುತ್ತದೆ. ಆಡಬಾರದಿತ್ತೆನಿಸಿದ ಒಂದು ಮಾತು, ಹೊರಡಬಾರದಿತ್ತೆನಿಸಿದ ಒಂದು ಪ್ರಯಾಣ, ಒಂದು ದಿನ ಮೊದಲೇ ಕರೆಸಬೇಕಾಗಿದ್ದ ವೈದ್ಯ - ಇಂಥ ಒಂದಾದರೂ ನೆನಪಿಲ್ಲದ ಮನೆ ಇರಲಾರದು. ಆ ಒಂದು ಗಳಿಗೆ ಮತ್ತೊಮ್ಮೆ ಕೈಗೆ ಸಿಕ್ಕಿದ್ದರೆ!

ಈ ಹಂಬಲದಿಂದ ಜಗತ್ತಿನ ಕಥೆಗಾರರು ಕೆಲವು ವಿಚಿತ್ರ ವಸ್ತುಗಳನ್ನು ಸೃಷ್ಟಿಸಿದ್ದಾರೆ: ಮುಪ್ಪನ್ನು ಬಚ್ಚಿಟ್ಟುಕೊಂಡ ಪೆಟ್ಟಿಗೆ, ಹಿಂದಕ್ಕೆ ನಡೆಯುವ ಗಡಿಯಾರ, ಇನ್ನೂ ಅರಳಬೇಕಾಗಿರುವ ಹೂವು, ಯಾರೂ ತಯಾರಿಸದ ಜೇಬುಗಡಿಯಾರ. ಇಲ್ಲದ ವಸ್ತುಗಳಿಗೆ ಚರಿತ್ರೆ ಎಲ್ಲಿಂದ ಬಂತು ಎಂದು ವಾಚಕರು ಕೇಳಬಹುದು. ವಸ್ತುಗಳು ಇಲ್ಲವಾದರೂ ಅವನ್ನು ಕಲ್ಪಿಸಿದವರು ಇದ್ದರು. ಕಲ್ಪಿಸಿದ ಕಾಲ, ಕಾರಣಗಳಿದ್ದವು. ಅದನ್ನು ಕ್ರಮವಾಗಿ ನೋಡುತ್ತ ಹೋದರೆ ಒಂದು ಸೋಜಿಗ ಕಾಣುತ್ತದೆ. ಕಥೆಗಾರನ ಕೈಯನ್ನು ಹಿಡಿಯುವವರು ಯಾರೂ ಇಲ್ಲ. ಲೇಖನಿಯ ಒಂದು ಎಳೆತದಲ್ಲಿ ಸತ್ತವರನ್ನು ಎಬ್ಬಿಸಬಲ್ಲ. ಆದರೂ ಈ ವಸ್ತುಗಳನ್ನು ಕಲ್ಪಿಸಿದವರಲ್ಲಿ ಉತ್ತಮರೆನಿಸಿದವರು, ಆದದ್ದನ್ನು ಆಗದಂತೆ ಮಾಡುವ ಆ ಒಂದೇ ಕೆಲಸಕ್ಕೆ ಮಾತ್ರ ಹಿಂಜರಿದಿದ್ದಾರೆ.

ಪೆಟ್ಟಿಗೆಯೊಳಗಿನ ಮುಪ್ಪು

ಹಳೆಯ ಕಥೆಗಳಲ್ಲಿ ಕಾಲವನ್ನು ದಾಟಲು ಯಾವ ಉಪಕರಣವೂ ಬೇಕಾಗಿರಲಿಲ್ಲ. ಬೇರೊಂದು ಲೋಕಕ್ಕೆ ಹೋಗಿಬಂದರೆ ಸಾಕಾಗಿತ್ತು. ಕಕುದ್ಮಿರಾಜನ ಕಥೆ ನಮ್ಮವರಿಗೆ ತಿಳಿಯದ್ದೇನಲ್ಲ. ಮಗಳು ರೇವತಿಗೆ ತಕ್ಕ ವರನಾರೆಂದು ಕೇಳಲು ಅವನು ಅವಳನ್ನು ಕರೆದುಕೊಂಡು ಬ್ರಹ್ಮಸಭೆಗೆ ಹೋದ. ಅಲ್ಲಿ ಗಂಧರ್ವರ ಗಾನ ನಡೆದಿತ್ತು. ಹಾಡು ಮುಗಿಯಲೆಂದು ಮರ್ಯಾದೆಯಿಂದ ಕಾದು, ಆಮೇಲೆ ಮನಸ್ಸಿನಲ್ಲಿದ್ದ ರಾಜಕುಮಾರರ ಹೆಸರುಗಳನ್ನು ಹೇಳಿದ. ಬ್ರಹ್ಮ ನಕ್ಕುಬಿಟ್ಟ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗಗಳು ಕಳೆದಿದ್ದುವು! ಒಂದು ಚತುರ್ಯುಗಕ್ಕೆ 43,20,000 ವರ್ಷದಂತೆ ಲೆಕ್ಕ ಹಾಕಿದರೆ ಹನ್ನೊಂದೂವರೆ ಕೋಟಿ ವರ್ಷಗಳಿಗೂ ಮಿಕ್ಕಿತು. ಆ ವರರೂ ಇಲ್ಲ, ಅವರ ವಂಶದ ಹೆಸರೂ ಇಲ್ಲ. ಹಿಂದಕ್ಕೆ ಕಳಿಸಿಕೊಡೆಂದು ಕಕುದ್ಮಿ ಬೇಡಲಿಲ್ಲ. ಕಳಿಸುತ್ತೇನೆಂದು ಬ್ರಹ್ಮನೂ ಹೇಳಲಿಲ್ಲ. ಈಗ ಬಲರಾಮನಿದ್ದಾನೆ, ಅವನಿಗೆ ಕೊಡು ಎಂದ, ಅಷ್ಟೆ. ಕಳೆದುದಕ್ಕೆ ಉತ್ತರ ಇರುವುದರಲ್ಲಿಯೇ ಸಿಗಬೇಕಾಯಿತು.

ಇದೇ ಬಗೆಯ ಇನ್ನೊಂದು ಕಥೆ ಜಪಾನಿನಲ್ಲಿದೆ. ಅಲ್ಲಿಯ ಬೆಸ್ತ ಉರಾಷಿಮನ ಪ್ರಸ್ತಾಪ ಕ್ರಿ.ಶ. 720ರಲ್ಲಿ ಮುಗಿದ 'ನಿಹೋನ್ ಷೋಕಿ' ಎಂಬ ರಾಜಚರಿತ್ರೆಯಲ್ಲಿಯೇ ಬರುತ್ತದೆ. ಆಮೆಯೊಂದರ ದೆಸೆಯಿಂದ ಅವನಿಗೆ ಸಮುದ್ರದಾಚೆಯ ದಿವ್ಯಲೋಕ ದೊರೆಯಿತು. ಮೂರು ವರ್ಷ ಸುಖವಾಗಿದ್ದು, ತಾಯಿತಂದೆಯರ ನೆನಪಾಗಿ ಊರಿಗೆ ಮರಳಿದ. ಊರಿನಲ್ಲಿ ಮುನ್ನೂರು ವರ್ಷಗಳು ಕಳೆದಿದ್ದುವು. ಹೊರಡುವಾಗ ದಿವ್ಯಲೋಕದ ಮಡದಿ ಒಂದು ಪುಟ್ಟ ಪೆಟ್ಟಿಗೆಯನ್ನು ಕೊಟ್ಟು, ಇದನ್ನು ಮಾತ್ರ ತೆರೆಯಬೇಡವೆಂದಿದ್ದಳು. ದಿಕ್ಕುತೋಚದ ಬೆಸ್ತ ಅದನ್ನು ತೆರೆದ. ಒಳಗಿನಿಂದ ಒಂದು ಎಳೆ ಹೊಗೆ ಎದ್ದಿತು. ಅವನ ಕೂದಲು ಬೆಳ್ಳಗಾಯಿತು, ಮೈ ಸುಕ್ಕಿತು. ಅವನಿಗೆ ಬರಬೇಕಾಗಿದ್ದ ಮುಪ್ಪೆಲ್ಲ ಆ ಪೆಟ್ಟಿಗೆಯಲ್ಲಿ ಕಾದು ಕುಳಿತಿತ್ತು.

ನಾವು ಹುಡುಕುತ್ತಿರುವ ವಸ್ತುಗಳ ಪೂರ್ವಜ ಈ ಪೆಟ್ಟಿಗೆ. ಆದರೆ ಅದು ಕಾಲವನ್ನು ಗೆಲ್ಲುವುದಿಲ್ಲ, ಮುಂದೂಡುತ್ತದೆ. ಸಾಲ ತೀರಲಿಲ್ಲ, ಸಾಲದ ಪತ್ರವನ್ನು ಮುಚ್ಚಿಟ್ಟಿತ್ತು, ಅಷ್ಟೆ.

ಗಡಿಯಾರ ಜೇಬಿಗೆ ಬಂದ ಕಾಲ

ಮುಂದಿನ ಹೆಜ್ಜೆಗೆ ನಾವು ಹತ್ತೊಂಬತ್ತನೆಯ ಶತಮಾನದ ಕೊನೆಗೆ ಬರಬೇಕು. ಅಷ್ಟು ದೂರ ನೆಗೆಯುವುದಕ್ಕೆ ಕಾರಣವಿಲ್ಲದಿಲ್ಲ. ಕಾಲವನ್ನು ಹಿಂದಕ್ಕೆ ತಿರುಗಿಸುವ ಉಪಕರಣದ ಕಲ್ಪನೆ ಹುಟ್ಟಬೇಕಾದರೆ ಮೊದಲು ಕಾಲವೆಂಬುದು ಕೈಯಲ್ಲಿ ಹಿಡಿಯುವ, ಕೀಲಿ ಕೊಡುವ, ಮುಳ್ಳು ತಿರುಗಿಸುವ ವಸ್ತುವಾಗಬೇಕಲ್ಲವೆ? ಸೂರ್ಯನನ್ನು ಯಾರೂ ಹಿಂದಕ್ಕೆ ತಿರುಗಿಸಲಾರರು. ಗಡಿಯಾರದ ಮುಳ್ಳನ್ನು ಮಗುವೂ ತಿರುಗಿಸೀತು.

ಆ ಕಾಲದಲ್ಲಿ ನಿಜವಾಗಿಯೂ ಮುಳ್ಳುಗಳನ್ನು ತಿರುಗಿಸುವ ಕೆಲಸ ನಡೆದಿತ್ತು. ರೈಲು ಬರುವ ಮುನ್ನ ಊರೂರಿಗೂ ತನ್ನದೇ ಮಧ್ಯಾಹ್ನವಿತ್ತು. ರೈಲಿನ ವೇಳಾಪಟ್ಟಿಗೆ ಅದು ಒಗ್ಗಲಿಲ್ಲ. 1883ರ ನವೆಂಬರ್ 18ರಂದು ಅಮೆರಿಕದ ರೈಲುಸಂಸ್ಥೆಗಳು ದೇಶವನ್ನು ಕಾಲವಲಯಗಳಾಗಿ ಹಂಚಿಕೊಂಡವು. ಎಷ್ಟೋ ಊರುಗಳಲ್ಲಿ ಗಡಿಯಾರಗಳು ಕೆಲವು ನಿಮಿಷ ಹಿಂದಕ್ಕೆ ಹೋಗಿ ಅಂದು ಎರಡು ಬಾರಿ ಹನ್ನೆರಡು ಗಂಟೆಯಾಯಿತು. ಮರುವರ್ಷ ವಾಷಿಂಗ್ಟನ್ನಿನಲ್ಲಿ ಸೇರಿದ ರಾಷ್ಟ್ರಗಳ ಸಭೆ ಗ್ರೀನಿಚ್ಚನ್ನು ಜಗತ್ತಿಗೆಲ್ಲ ಮೂಲರೇಖೆಯೆಂದು ಗೊತ್ತುಮಾಡಿತು. ನಮ್ಮಲ್ಲಿ ಏಕರೂಪದ ಕಾಲಮಾನ ಬಂದದ್ದು 1906ರ ಜನವರಿ 1ರಂದು. ಆಮೇಲೂ ಕಲ್ಕತ್ತೆ 1948ರ ವರೆಗೆ, ಮುಂಬಯಿ 1955ರ ವರೆಗೆ ತಂತಮ್ಮ ಸ್ಥಳೀಯ ಕಾಲವನ್ನು ಬಿಟ್ಟುಕೊಡಲಿಲ್ಲ. ಕಾಲವೆಂದರೆ ದೇವರ ಲೀಲೆಯೆಂದು ನಂಬಿದ್ದ ಜನ, ಅದು ಆಫೀಸಿನ ಒಂದು ಆಜ್ಞೆಯಿಂದ ಹಿಂದುಮುಂದಾಗುವುದನ್ನು ಕಣ್ಣಾರೆ ಕಂಡರು.

ಈ ಹೊತ್ತಿನಲ್ಲಿಯೇ ಹಿಂದಕ್ಕೆ ನಡೆಯುವ ಗಡಿಯಾರ ಹುಟ್ಟಿತು. ಅದು ಹುಟ್ಟಿದ್ದು ದಿನಪತ್ರಿಕೆಯ ಪುಟದಲ್ಲಿ ಎಂಬುದು ಪತ್ರಿಕೆ ಓದುವವರಿಗೆ ಸಂತೋಷದ ಸಂಗತಿ. 1881ರ ಸೆಪ್ಟೆಂಬರ್ 18ರಂದು 'ನ್ಯೂಯಾರ್ಕ್ ಸನ್' ಪತ್ರಿಕೆ ಕರ್ತೃವಿನ ಹೆಸರಿಲ್ಲದೆ ಒಂದು ಕಥೆ ಅಚ್ಚುಹಾಕಿತು. ಬರೆದವನು ಅದೇ ಪತ್ರಿಕೆಯ ಎಡ್ವರ್ಡ್ ಪೇಜ್ ಮಿಚೆಲ್. ಅವನ ಇಂಥ ಕಥೆಗಳು ಪುಸ್ತಕವಾಗಿ ಕೂಡಿಬಂದದ್ದು 1973ರಲ್ಲಿ. ಅಲ್ಲಿಯವರೆಗೆ ಅವನ ಹೆಸರನ್ನು ಜನ ಹೆಚ್ಚುಕಡಮೆ ಮರೆತೇಬಿಟ್ಟಿದ್ದರು.

ಕಥೆಯಲ್ಲಿ ಒಬ್ಬ ವೃದ್ಧೆಯ ಮನೆಯಲ್ಲಿ ಹಾಲೆಂಡಿನ ಲೈಡನ್ ನಗರದಿಂದ ಬಂದ ಹಳೆಯ ಗಡಿಯಾರವಿದೆ. ಒಂದು ರಾತ್ರಿ ಅವಳು ಅದಕ್ಕೆ ಕೀಲಿ ಕೊಡುತ್ತಾಳೆ. ಮುಳ್ಳುಗಳು ಹಿಂದಕ್ಕೆ ತಿರುಗುತ್ತವೆ. ಅವಳು ಸತ್ತು ಬೀಳುತ್ತಾಳೆ. ಮುಂದೆ ಅವಳ ಮನೆಯ ಇಬ್ಬರು ತರುಣರು ಲೈಡನ್ನಿನ ವಿಶ್ವವಿದ್ಯಾನಿಲಯಕ್ಕೆ ಓದಲು ಹೋಗುತ್ತಾರೆ. ಅಲ್ಲಿ ಅದೇ ಗಡಿಯಾರ ಅವರನ್ನು 1574ಕ್ಕೆ, ಸ್ಪೇನಿನ ಸೈನ್ಯ ನಗರವನ್ನು ಮುತ್ತಿದ್ದ ದಿನಗಳಿಗೆ ಒಯ್ಯುತ್ತದೆ. ನಗರವನ್ನು ಉಳಿಸುವ ಕೆಲಸದಲ್ಲಿ ಅವರಲ್ಲೊಬ್ಬನ ಕೈಯೂ ಸೇರುತ್ತದೆ. ಇಲ್ಲಿ ಚರಿತ್ರೆಯನ್ನು ನೆನೆಯಬೇಕು: ಲೈಡನ್ನಿನ ಮುತ್ತಿಗೆ ತೆರವಾದದ್ದು 1574ರ ಅಕ್ಟೋಬರ್ 3ರಂದು, ವಿಶ್ವವಿದ್ಯಾನಿಲಯ ಸ್ಥಾಪನೆಯಾದದ್ದು 1575ರಲ್ಲಿ, ನಗರದ ಆ ಧೈರ್ಯಕ್ಕೆ ಸಂದ ಬಹುಮಾನವಾಗಿ. ಎಂದ ಮೇಲೆ ಆ ತರುಣ ತಾನು ಓದುತ್ತಿರುವ ವಿದ್ಯಾಲಯ ಹುಟ್ಟುವುದಕ್ಕೆ ತಾನೇ ಕಾರಣನಾದಂತಾಯಿತು! ಹತ್ತೊಂಬತ್ತನೆಯ ಶತಮಾನ ಹದಿನಾರನೆಯದಕ್ಕೆ ಕಾರಣವಾಗಬಾರದೇಕೆ ಎಂಬ ತರ್ಕ ಕಥೆಯ ಪ್ರೊಫೆಸರನದು. ಆದರೆ ಗಮನಿಸಿ: ಗಡಿಯಾರ ಚರಿತ್ರೆಯನ್ನು ತಿದ್ದಲಿಲ್ಲ, ಚರಿತ್ರೆ ಹೇಗೆ ನಡೆದಿತ್ತೋ ಹಾಗೆಯೇ ನಡೆಯಲು ನೆರವಾಯಿತು.

1887ರಲ್ಲಿ ಸ್ಪೇನಿನ ಎನ್ರೀಕೆ ಗಾಸ್ಪಾರ್ ಕಾಲದಲ್ಲಿ ಹಿಂದಕ್ಕೆ ಹಾರುವ ಒಂದು ಕಬ್ಬಿಣದ ಮನೆಯನ್ನೇ ಕಲ್ಪಿಸಿದ. ಒಳಗಿರುವವರು ಹಿಂದೆ ಹೋದಂತೆಲ್ಲ ಎಳೆಯರಾಗುತ್ತ ಕೂಸುಗಳಾಗಿಬಿಡಬಾರದೆಂದು ಅವರಿಗೊಂದು ರಕ್ಷಕ ದ್ರವವನ್ನೂ ಒದಗಿಸಿದ. ಆದರೆ ಮನಸ್ಸಿಗೆ ನಾಟುವ ವಸ್ತು ಬಂದದ್ದು 1889ರಲ್ಲಿ, ಲೂಯಿ ಕ್ಯಾರಲ್‌ನ 'ಸಿಲ್ವಿ ಮತ್ತು ಬ್ರೂನೊ' ಎಂಬ ಪುಸ್ತಕದಲ್ಲಿ. 'ಆಲಿಸ್' ಕಥೆ ಬರೆದ ಆಕ್ಸ್‌ಫರ್ಡಿನ ಗಣಿತಜ್ಞನೇ ಈತ. ಇಲ್ಲಿ ಕಥೆ ಹೇಳುವವನ ಕೈಗೆ ಒಂದು ಮಾಯಾಗಡಿಯಾರ ಸಿಗುತ್ತದೆ. ಅದರ ಮುಳ್ಳನ್ನು ಹಿಂದಕ್ಕೆ ತಿರುಗಿಸಿದರೆ ಕಾಲವೂ ಹಿಂದಕ್ಕೆ ಹೋಗುತ್ತದೆ. ಬೀದಿಯಲ್ಲಿ ಗಾಡಿಯಿಂದ ಬಿದ್ದ ಒಂದು ಪೆಟ್ಟಿಗೆಗೆ ತಾಗಿ ಸೈಕಲ್ ಸವಾರನೊಬ್ಬ ಉರುಳಿ ಗಾಯಗೊಳ್ಳುತ್ತಾನೆ. ಈತ ಒಳ್ಳೆಯ ಮನಸ್ಸಿನಿಂದ ಮುಳ್ಳನ್ನು ತಿರುಗಿಸಿ, ಪೆಟ್ಟಿಗೆಯನ್ನು ದಾರಿಯಿಂದ ಎತ್ತಿಡುತ್ತಾನೆ. ಸವಾರ ಸುಖವಾಗಿ ಸಾಗಿಹೋಗುತ್ತಾನೆ. ಈತನ ಆನಂದ ಎಷ್ಟು ಹೊತ್ತು? ಮುಳ್ಳು ಮುನ್ನಡೆದು ಮೊದಲಿನ ಗಳಿಗೆಯನ್ನು ಮುಟ್ಟಿತು. ಗಾಯಗೊಂಡವನು ಮತ್ತೆ ಅಲ್ಲಿಯೇ ಬಿದ್ದಿದ್ದ. ಗಡಿಯಾರ ಕಾಲವನ್ನು ತಿರುಗಿಸಿತೇ ಹೊರತು ನೋವನ್ನಲ್ಲ.

ನಗಿಸುವುದಕ್ಕೆಂದೇ ಹೆಸರಾದ ಲೇಖಕ ಮಕ್ಕಳಿಗೆಂದು ಬರೆದ ಪುಸ್ತಕದಲ್ಲಿ ಇಷ್ಟು ಕಠಿನನಾದದ್ದೇಕೆ? ಸವಾರನನ್ನು ಎದ್ದು ಹೋಗಲು ಬಿಟ್ಟಿದ್ದರೆ ಯಾರೂ ಆಕ್ಷೇಪಿಸುತ್ತಿರಲಿಲ್ಲ. ಬಿಡಲಿಲ್ಲವಾದ್ದರಿಂದಲೇ ಆ ಪ್ರಸಂಗ ನೆನಪಿನಲ್ಲಿ ಉಳಿಯಿತು. ಗಾಯಗೊಂಡವನಿಗೆ ಕನಿಕರಪಟ್ಟ ಹೃದಯ ಮಾತ್ರ ಅಲ್ಲಿ ನಿಜ, ಉಳಿದದ್ದು ಮಾಯೆ.

ಸಾಕ್ಷಿಯಾದ ಹೂವು

1895ರಲ್ಲಿ ಎಚ್. ಜಿ. ವೆಲ್ಸ್‌ನ 'ಕಾಲಯಂತ್ರ' ಬಂದಿತು. ನಿಕ್ಕಲ್, ದಂತ, ಸ್ಫಟಿಕಗಳಿಂದ ಮಾಡಿದ ಆ ಯಂತ್ರವನ್ನೇರಿ ಯಾತ್ರಿಕ 8,02,701ನೆಯ ಇಸವಿಗೆ ಹೋಗುತ್ತಾನೆ. ಯಂತ್ರದ ಖ್ಯಾತಿ ಎಷ್ಟೆಂದರೆ ಆ ಕಥೆಯ ಇನ್ನೊಂದು ವಸ್ತುವನ್ನು ಜನ ಗಮನಿಸುವುದೇ ಕಡಮೆ. ಭವಿಷ್ಯದಲ್ಲಿ ಅವನನ್ನು ನಚ್ಚಿಕೊಂಡ ವೀನಾ ಎಂಬ ಪುಟ್ಟ ಹೆಣ್ಣೊಬ್ಬಳು ಅವನ ಜೇಬಿಗೆ ಬಿಳಿಯ ಹೂಗಳನ್ನು ಇಟ್ಟಿದ್ದಳು. ಕಾಡಿನ ಬೆಂಕಿಯಲ್ಲಿ ಅವನು ಅವಳನ್ನು ಕಳೆದುಕೊಂಡ. ಯಂತ್ರವಿದ್ದೂ ಉಳಿಸಲಾಗಲಿಲ್ಲ. ಮನೆಗೆ ಬಂದು ಮಿತ್ರರ ಮುಂದೆ ಕಥೆ ಹೇಳಿ ಮುಗಿಸಿದಾಗ ಸಾಕ್ಷಿಯೆಂದು ಮೇಜಿನ ಮೇಲಿಡಲು ಅವನಲ್ಲಿ ಇದ್ದದ್ದು ಬಾಡಿದ ಆ ಎರಡು ಹೂಗಳು. ಎರಡನೆಯ ಬಾರಿ ಯಂತ್ರವೇರಿದವನು ಹಿಂತಿರುಗಲಿಲ್ಲ, ಯಂತ್ರವೂ ಹೋಯಿತು. ಹೂವು ಉಳಿಯಿತು.

ಅದೇ 1895ರಲ್ಲಿ ಕವಿ ಕೋಲ್‌ರಿಜ್‌ನ ಹಳೆಯ ಟಿಪ್ಪಣಿಗಳ ಒಂದು ಸಂಕಲನವೂ ಅಚ್ಚಾಯಿತು. ಕನಸಿನಲ್ಲಿ ಸ್ವರ್ಗಕ್ಕೆ ಹೋದವನಿಗೆ ಅಲ್ಲೊಂದು ಹೂ ದೊರೆತು, ಎಚ್ಚೆತ್ತಾಗ ಆ ಹೂ ಕೈಯಲ್ಲಿಯೇ ಇದ್ದರೆ ಏನೆನ್ನಬೇಕು ಎಂಬ ಪ್ರಶ್ನೆ ಅದರಲ್ಲಿದೆ. ಈ ಎರಡು ಹೂಗಳನ್ನೂ ಒಂದೇ ದಾರದಲ್ಲಿ ಪೋಣಿಸಿದವನು ಅರ್ಜೆಂಟೀನದ ಲೇಖಕ ಬೋರ್ಹೆಸ್. ಅದೇ ಪ್ರಬಂಧದಲ್ಲಿ ಅವನು ಹೆನ್ರಿ ಜೇಮ್ಸ್‌ನ ಅಪೂರ್ಣ ಕಾದಂಬರಿಯೊಂದನ್ನು ನೆನೆಯುತ್ತಾನೆ. ಜೇಮ್ಸ್ ತೀರಿಕೊಂಡ ಮರುವರ್ಷ, 1917ರಲ್ಲಿ, ಅದು ಪ್ರಕಟವಾಯಿತು. ಅಲ್ಲಿ ನಾಯಕನೊಬ್ಬ ತನ್ನನ್ನೇ ಹೋಲುವ ಹಳೆಯ ಚಿತ್ರದಿಂದ ಪ್ರೇರಿತನಾಗಿ ಹಿಂದಿನ ಕಾಲಕ್ಕೆ ಹೋಗುತ್ತಾನೆ; ಅವನು ಅಲ್ಲಿಗೆ ಹೋದದ್ದರಿಂದಲೇ ಚಿತ್ರಕಾರ ಆ ಚಿತ್ರವನ್ನು ಬರೆಯುತ್ತಾನೆ. ಕಾರ್ಯವೇ ಕಾರಣಕ್ಕಿಂತ ಮೊದಲು ಬಂದು ಕುಳಿತಂತಾಯಿತು.

ಭಾರತದ ತೆರೆಯ ಮೇಲೂ ಕಾಲಯಂತ್ರ ಬಂದಿದೆ. ಸಿಂಗೀತಂ ಶ್ರೀನಿವಾಸರಾಯರ ತೆಲುಗು ಚಿತ್ರ 'ಆದಿತ್ಯ 369' 1991ರಲ್ಲಿ ತನ್ನ ಪಾತ್ರಗಳನ್ನು ಕೃಷ್ಣದೇವರಾಯನ ಕಾಲಕ್ಕೆ ಕೊಂಡೊಯ್ದಿತು. ಹಂಪೆಯ ಪಾಳುಗಳ ನಡುವೆ ಸಂಜೆಯ ಹೊತ್ತು ನಿಂತ ಯಾವ ಕನ್ನಡಿಗನಿಗೆ ತಾನೆ ಅಂಥದೊಂದು ಯಂತ್ರದ ಬಯಕೆ ಹುಟ್ಟದು?

ಯಾರೂ ಮಾಡದ ವಸ್ತು

ಜೇಮ್ಸ್‌ನ ಚಿತ್ರಕ್ಕೆ ಬರೆದವನೊಬ್ಬನಾದರೂ ಇದ್ದ. ಅದಕ್ಕಿಂತ ವಿಚಿತ್ರವಾದ ವಸ್ತು 1980ರ 'ಸಮ್‌ವೇರ್ ಇನ್ ಟೈಮ್' ಎಂಬ ಹಾಲಿವುಡ್ ಚಿತ್ರದಲ್ಲಿದೆ. 1972ರಲ್ಲಿ ಒಬ್ಬ ವೃದ್ಧೆ ಅಪರಿಚಿತ ತರುಣನಿಗೆ ಒಂದು ಜೇಬುಗಡಿಯಾರ ಕೊಡುತ್ತಾಳೆ. ಅವನು ಅದನ್ನು ಇಟ್ಟುಕೊಂಡು ಎಂಟು ವರ್ಷಗಳ ಮೇಲೆ 1912ಕ್ಕೆ ಹಿಂದಿರುಗಿ, ಆಗ ತರುಣಿಯಾಗಿದ್ದ ಅವಳನ್ನು ಪ್ರೀತಿಸಿ, ಗಡಿಯಾರವನ್ನು ಅವಳ ಬಳಿ ಬಿಟ್ಟುಬರುತ್ತಾನೆ. ಅವಳು ಅದನ್ನು ಅರುವತ್ತು ವರ್ಷ ಕಾಪಾಡಿ 1972ರಲ್ಲಿ ಅವನಿಗೆ ಕೊಡುತ್ತಾಳೆ. ಸರಿ, ಆ ಗಡಿಯಾರವನ್ನು ಮಾಡಿದ ಅಕ್ಕಸಾಲಿ ಯಾರು? ಯಾರೂ ಇಲ್ಲ.

ನಮ್ಮ ತಾರ್ಕಿಕರಿಗೆ ಈ ಗಂಟು ಹೊಸದಲ್ಲ. ಬೀಜ ಮೊದಲೋ ವೃಕ್ಷ ಮೊದಲೋ ಎಂಬ ಚರ್ಚೆಯನ್ನು ಅವರು ಮುಗಿಸಿಟ್ಟಿದ್ದರು: ಒಂದು ಬೀಜದಿಂದ ಒಂದು ಗಿಡ, ಆ ಗಿಡದಿಂದ ಬೇರೊಂದು ಬೀಜ, ಸರಪಳಿ ಅನಾದಿ, ಆದರೆ ಕೊಂಡಿಗಳು ಬೇರೆ ಬೇರೆ, ಆದ್ದರಿಂದ ದೋಷವಿಲ್ಲ. ಇದು ಅದಕ್ಕೆ, ಅದು ಇದಕ್ಕೆ ಆಧಾರವೆಂದರೆ ಮಾತ್ರ ಅನ್ಯೋನ್ಯಾಶ್ರಯದೋಷ. ಜೇಬುಗಡಿಯಾರದ ಸರಪಳಿಗೆ ಇರುವುದು ಒಂದೇ ಕೊಂಡಿ.

ಭೌತವಿಜ್ಞಾನಿಗಳೂ ಈ ಗಂಟಿಗೆ ಕೈಹಾಕಿದ್ದಾರೆ. 1992ರಲ್ಲಿ ರಷ್ಯದ ಲೋಸೆವ್ ಮತ್ತು ನೋವಿಕೋವ್ ಇಂಥ ವಸ್ತುಗಳ ಮೇಲೆ ಒಂದು ಪ್ರಬಂಧವನ್ನೇ ಬರೆದು, ಶೂನ್ಯದಿಂದ ಎದ್ದುಬರುವ ಅರಬ್ಬೀ ಕಥೆಗಳ ಭೂತವನ್ನು ನೆನೆದು ಅವಕ್ಕೆ 'ಜಿನ್' ಎಂದು ಹೆಸರಿಟ್ಟರು. ಇಲ್ಲಿ ಒಂದು ಸೂಕ್ಷ್ಮವಿದೆ. ಗಡಿಯಾರ ಒಂದು ಸುತ್ತು ಬರುವಷ್ಟರಲ್ಲಿ ಸವೆಯುತ್ತದೆ, ಗೀರು ಬೀಳುತ್ತದೆ. ಆದರೆ ಸುತ್ತಿನ ಕೊನೆಯಲ್ಲಿ ಅದು ಮೊದಲಿದ್ದಂತೆಯೇ ಇರಬೇಕು. ಇಲ್ಲದಿದ್ದರೆ ಅದು ಅದೇ ಗಡಿಯಾರವಲ್ಲ. ಎಂದರೆ ಸವೆತವನ್ನೆಲ್ಲ ಹೊರಗಿನಿಂದ ಯಾರಾದರೂ ತುಂಬಿಕೊಡಬೇಕು. ಕಾಲಕ್ಕೆ ಸಿಕ್ಕದ ವಸ್ತುವಿಗೂ ರಿಪೇರಿಯ ಖರ್ಚು ತಪ್ಪಲಿಲ್ಲ!

ಇನ್ನು ಕಾಲದಲ್ಲಿ ಪ್ರಯಾಣವೇ ಸಾಧ್ಯವೆ ಎಂದರೆ, ಕಕುದ್ಮಿಯ ದಾರಿ ತೆರೆದಿದೆ, ಹಿಂದಿರುಗುವ ದಾರಿ ಕಾಣುವುದಿಲ್ಲ ಎನ್ನಬೇಕು. ವೇಗವಾಗಿ ಚಲಿಸುವ ಗಡಿಯಾರ ನಿಧಾನಿಸುತ್ತದೆಂದು ಐನ್‌ಸ್ಟೈನ್ 1905ರಲ್ಲಿ ತೋರಿಸಿದ. 1971ರಲ್ಲಿ ಹಾಫೆಲೆ, ಕೀಟಿಂಗ್ ಎಂಬಿಬ್ಬರು ಪರಮಾಣುಗಡಿಯಾರಗಳನ್ನು ಪ್ರಯಾಣಿಕರ ವಿಮಾನಗಳಲ್ಲಿಟ್ಟು ಭೂಮಿಯನ್ನು ಸುತ್ತಿಸಿದರು. ಪೂರ್ವದಿಕ್ಕಿಗೆ ಸುತ್ತಿದವು ನೆಲದ ಗಡಿಯಾರಕ್ಕಿಂತ 59 ನ್ಯಾನೊಸೆಕೆಂಡು ಹಿಂದೆ ಬಿದ್ದವು. ಪಶ್ಚಿಮಕ್ಕೆ ಸುತ್ತಿದವು 273 ನ್ಯಾನೊಸೆಕೆಂಡು ಮುಂದಾದವು. ಸೆಕೆಂಡಿನ ನೂರು ಕೋಟಿಯಲ್ಲೊಂದು ಭಾಗ ನ್ಯಾನೊಸೆಕೆಂಡು. ಕಕುದ್ಮಿಯ ಯಾತ್ರೆಯ ಮುಂದೆ ಇದು ಅಣುಮಾತ್ರ, ಆದರೆ ನಿಜ. ಗತಕ್ಕೆ ಮರಳುವ ದಾರಿಯುಳ್ಳ ವಿಶ್ವವೊಂದನ್ನು ಗೋಡೆಲ್ 1949ರಲ್ಲಿ ಗಣಿತದಿಂದ ಕಟ್ಟಿ ತೋರಿಸಿದನಾದರೂ ನಾವಿರುವ ವಿಶ್ವ ಅಂಥದೆಂಬುದಕ್ಕೆ ಆಧಾರವಿಲ್ಲ. ಹಿಂದಕ್ಕೆ ಹೋಗುವುದನ್ನು ಪ್ರಕೃತಿನಿಯಮಗಳೇ ತಡೆಯುತ್ತವೆಂಬುದು ಸ್ಟೀಫನ್ ಹಾಕಿಂಗರ ಊಹೆ. ಅವರು 2009ರ ಜೂನ್ 28ರಂದು ಕೇಂಬ್ರಿಜ್‌ನಲ್ಲಿ ಕಾಲಯಾತ್ರಿಕರಿಗೆಂದು ಔತಣವಿಟ್ಟು, ಔತಣ ಮುಗಿದ ಮೇಲೆ ಆಮಂತ್ರಣವನ್ನು ಪ್ರಕಟಿಸಿದರು. ಯಾರೂ ಬಂದಿರಲಿಲ್ಲ.

ಬಟ್ಟಲಿಗೆ ಬಿದ್ದ ಮುತ್ತು

ಆದದ್ದನ್ನು ತಿದ್ದಿಬಿಡುವ ಕಥೆಗಳು ಇಲ್ಲವೇ ಇಲ್ಲವೆಂದಲ್ಲ. 1985ರ 'ಬ್ಯಾಕ್ ಟು ದಿ ಫ್ಯೂಚರ್' ಚಿತ್ರದಲ್ಲಿ ತರುಣನೊಬ್ಬ ಹಿಂದಕ್ಕೆ ಹೋಗಿ ಬಂದಾಗ ಮನೆಯ ಸ್ಥಿತಿಯೇ ಸುಧಾರಿಸಿರುತ್ತದೆ. ನಗುತ್ತ ನೋಡಬಹುದಾದ ಚಿತ್ರ. ಆದರೆ 1952ರಲ್ಲಿ ಬಂದ ರೇ ಬ್ರ್ಯಾಡ್‌ಬರಿಯ ಕಥೆಯಲ್ಲಿ ಗತಕಾಲದಲ್ಲಿ ಒಂದು ಚಿಟ್ಟೆಯನ್ನು ತುಳಿದವನು ಮರಳಿ ಬಂದಾಗ ಕಾಣುವುದು ಕೆಟ್ಟುಹೋದ ನಾಡು. 1999ರ 'ಹ್ಯಾರಿ ಪಾಟರ್' ಕಾದಂಬರಿಯ ಮರಳುಗಡಿಯಾರ ಕೆಲವು ಗಂಟೆ ಹಿಂದಕ್ಕೆ ಒಯ್ಯುತ್ತದೆ, ಜೀವ ಉಳಿಸುತ್ತದೆ. ಆದರೆ ಉಳಿದದ್ದು ಮೊದಲಿನಿಂದಲೂ ಹಾಗೆಯೇ ಉಳಿದಿತ್ತು. ತನ್ನನ್ನು ಕಾಪಾಡಿದವನು ಸತ್ತ ತಂದೆಯೆಂದು ಹಂಬಲಿಸಿದ್ದ ಹುಡುಗ, ಕಾಪಾಡಿದವನು ತಾನೇ ಎಂದು ಅರಿಯುತ್ತಾನೆ. ತಂದೆ ಮರಳಿ ಬರಲಿಲ್ಲ.

ನಮ್ಮ ದೇಶದ ಒಂದು ಐತಿಹ್ಯವನ್ನು ಇವುಗಳ ಪಕ್ಕದಲ್ಲಿಟ್ಟು ನೋಡಬೇಕು. ಭಾಸ್ಕರಾಚಾರ್ಯನ 'ಲೀಲಾವತಿ'ಯನ್ನು ಅಕ್ಬರನ ಆಸ್ಥಾನದ ಫೈಜಿ 1587ರಲ್ಲಿ ಪಾರಸಿಗೆ ಅನುವಾದಿಸಿದಾಗ ಅದರಲ್ಲಿ ಈ ಕಥೆಯನ್ನು ಹೇಳಿದ. ಮಗಳ ವಿವಾಹಕ್ಕೆ ಒಂದೇ ಒಂದು ಶುಭಮುಹೂರ್ತ ಒದಗಿತ್ತು. ಅದನ್ನು ತಿಳಿಯಲು ಭಾಸ್ಕರ ನೀರಿನಲ್ಲಿ ಗಳಿಗೆಬಟ್ಟಲನ್ನು ತೇಲಬಿಟ್ಟ; ತಳದ ಸಣ್ಣ ರಂಧ್ರದಿಂದ ನೀರು ತುಂಬಿ ಬಟ್ಟಲು ಮುಳುಗಿದಾಗ ಸಮಯ ಗೊತ್ತಾಗಬೇಕು. ಕುತೂಹಲದಿಂದ ಬಾಗಿ ನೋಡಿದ ಹುಡುಗಿಯ ಉಡುಗೆಯಿಂದ ಒಂದು ಮುತ್ತು ಜಾರಿ ಬಟ್ಟಲಿಗೆ ಬಿತ್ತು, ರಂಧ್ರ ಮುಚ್ಚಿತು. ಎಲ್ಲರೂ ಕಾಯುತ್ತ ಕುಳಿತರು. ಬಟ್ಟಲಿನೊಳಗೆ ಕಾಲ ನಿಂತಿತ್ತು, ಹೊರಗೆ ನಿಂತಿರಲಿಲ್ಲ. ಮುಹೂರ್ತ ಮಿಂಚಿಹೋಯಿತು.

ಇದು ನಡೆದ ಸಂಗತಿಯೆಂದು ಚರಿತ್ರಕಾರರು ಒಪ್ಪುವುದಿಲ್ಲ. ಭಾಸ್ಕರನ ಕೃತಿಯಲ್ಲಿ ಇದರ ಸುಳಿವೂ ಇಲ್ಲ. ಆದರೆ ಕಥೆಯಾಗಿ ಇದರ ಸತ್ಯ ದೊಡ್ಡದು. ಜಾಣನಾದ ತಂದೆ, ಗ್ರಹಗಳ ಚಲನೆಯನ್ನೇ ಗುಣಿಸಬಲ್ಲವನು, ಒಂದು ಗಳಿಗೆಯನ್ನು ಹಿಂದಕ್ಕೆ ತರಲಾರದೆ ಹೋದ. ಬೇರೆ ದೇಶದ, ಬೇರೆ ಕಾಲದ ಕಥೆಗಾರನಾಗಿದ್ದರೆ ಇಲ್ಲಿ ಅವನ ಕೈಗೆ ಒಂದು ಮಾಯಾಗಡಿಯಾರ ಕೊಡುತ್ತಿದ್ದನೋ ಏನೋ. ಈ ಕಥೆಯ ತಂದೆ ಅಂಥದನ್ನು ಬಯಸಲಿಲ್ಲ. ನಿನ್ನ ಹೆಸರಿನಲ್ಲಿ ಬಹುಕಾಲ ಉಳಿಯುವ ಒಂದು ಪುಸ್ತಕವನ್ನು ಬರೆಯುತ್ತೇನೆಂದು ಮಗಳನ್ನು ಸಮಾಧಾನಪಡಿಸಿದನಂತೆ.

ಕಥೆಗಾರರು ಒಂದು ಮೆಟ್ಟಿಲ ಮುಂದೆ ಬಂದು ಏಕೆ ನಿಂತುಬಿಟ್ಟರೆಂಬುದಕ್ಕೆ ಉತ್ತರ ಇಲ್ಲಿದೆಯೆಂದು ತೋರುತ್ತದೆ. ಕಳೆದದ್ದೆಲ್ಲ ಮರಳಿ ಸಿಗುವುದಾದರೆ ಕಳೆದುಕೊಂಡದ್ದಕ್ಕೆ ಬೆಲೆ ಇರುವುದಿಲ್ಲ. ಯಾವ ಮಾತನ್ನು ಬೇಕಾದರೂ ಹಿಂದಕ್ಕೆ ತೆಗೆದುಕೊಳ್ಳಬಹುದಾದರೆ ಮಾತಿನ ಮುನ್ನ ಯೋಚಿಸುವವರಾರು? "ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು" ಎಂಬ ಗಾದೆ ನಮ್ಮನ್ನು ಹೆದರಿಸುವುದಕ್ಕೆ ಹುಟ್ಟಿದ್ದಲ್ಲ. ಮಾತಿಗೂ ಮುತ್ತಿಗೂ ಇರುವ ಬೆಲೆಯನ್ನು ಹೇಳಲು ಹುಟ್ಟಿದ್ದು.

'ಲೀಲಾವತಿ'ಯನ್ನು ಒಳಗೊಂಡ 'ಸಿದ್ಧಾಂತ ಶಿರೋಮಣಿ' 1150ರಲ್ಲಿ ರಚಿತವಾಯಿತು. ಎಂಟುನೂರೈವತ್ತು ವರ್ಷಗಳು ಮೀರಿದರೂ ಅದರ ಲೆಕ್ಕಗಳನ್ನು ಇಂದಿಗೂ ಮಕ್ಕಳು ಬಿಡಿಸಬಹುದು. ಪೆಟ್ಟಿಗೆ, ಗಡಿಯಾರ, ಯಂತ್ರಗಳೆಲ್ಲ ಕಲ್ಪನೆಯಲ್ಲಿಯೇ ಉಳಿದವು. ಕಾಲವನ್ನು ನಿಜವಾಗಿ ದಾಟಿಬಂದ ವಸ್ತುವೆಂದರೆ ಈ ಪುಸ್ತಕ. ಅದೂ ಒಂದೇ ದಿಕ್ಕಿಗೆ ನಡೆಯುತ್ತದೆ, ಮುಂದಕ್ಕೆ.